ಸದಾಶಿವಗಡ ಮತ್ತು ಮೆಣಸಿನ ಬಳ್ಳಿ: ಸೋದೆ ಅರಸುಮನೆತನದ ಕುರಿತು ಒಂದು ಟಿಪ್ಪಣಿ

ಕಾರವಾರದ ಕಾಳಿ ನದಿ ಕಡಲು ಸೇರುವಲ್ಲಿ, ಉತ್ತರ ದಡದ ಗುಡ್ಡದ ಮೇಲಿದೆ ಸದಾಶಿವಗಡ. ಘಟ್ಟದ ಮೇಲಿನ ಸೋದೆಯ ಅರಸ ಬಸವಲಿಂಗ ನಾಯಕ ಇದನ್ನು ಕಟ್ಟಿಸಿ ತಂದೆ ಸದಾಶಿವರಾಯನ ಹೆಸರಿಟ್ಟ. ಇದರಲ್ಲಿ ತಕರಾರಿಲ್ಲ, ತಕರಾರು ಕಾಲದ್ದು. ಪ್ರವಾಸಿ ಬರಹಗಳಲ್ಲಿ ಬಸವಲಿಂಗನ ಕಾಲ 1674ರಿಂದ ಶುರುವಾಗುತ್ತದೆ. 1883ರ ಬಾಂಬೆ ಗೆಜೆಟಿಯರಿನ ಕೆನರಾ ಸಂಪುಟದ ಪ್ರಕಾರ 1674ರಲ್ಲಿ ಪಟ್ಟಕ್ಕೆ ಬಂದವನು ತಂದೆ. ಮಗನ ಆಳ್ವಿಕೆ 1697ರಿಂದ. ಕಾರವಾರದ ಹಳೆಯ ಕೋಟೆ ಕೆಡವಿ ಹೊಸದನ್ನು ಎಬ್ಬಿಸಿದ್ದು 1715ರಲ್ಲಿ ಎಂದೂ ಅದೇ ಸಂಪುಟ ಹೇಳುತ್ತದೆ. ತಂದೆಯ ಪಟ್ಟದ ವರ್ಷ ಮಗನ ಲೆಕ್ಕಕ್ಕೆ ಸೇರಿಹೋಗಿದೆ ಎಂದೇ ನನಗೆ ತೋರುತ್ತದೆ.

1715 ಎಂದು ಒಪ್ಪಿದರೆ ಮುಂದಿನದು ತಾನಾಗಿ ಹೊಂದುತ್ತದೆ. ಹೊಳೆಯ ಒಳಗಡೆ, ಕಡವಾಡದಲ್ಲಿ, 1638ರಿಂದ ಇಂಗ್ಲಿಷರ ವ್ಯಾಪಾರದ ಕೋಠಿಯಿತ್ತು. ಅವರ ಹಡಗುಗಳು ಒಳಬರಬೇಕಾದರೆ ಈ ಗುಡ್ಡದ ಕೆಳಗೇ ಹಾಯಬೇಕು. ಹೊಸ ಕೋಟೆ ಎದ್ದು ಐದೇ ವರ್ಷಕ್ಕೆ, 1720ರಲ್ಲಿ, ಕೋಠಿ ಎತ್ತಂಗಡಿಯಾಯಿತು. ಸದಾಶಿವಗಡ ಬರೀ ಯುದ್ಧದ ಕೋಟೆಯಲ್ಲ, ಘಟ್ಟದ ಸರಕಿನ ಬಾಗಿಲು.

ಸರಕಿನಲ್ಲಿ ಮುಖ್ಯವಾದದ್ದು ಕಾಳುಮೆಣಸು. ಯುರೋಪಿನ ಜಮೀನ್ದಾರರ ಕೋಟೆಮನೆಗಳ ಸುತ್ತ ದ್ರಾಕ್ಷಿತೋಟ ಇದ್ದಂತೆ ಇಲ್ಲಿ ಕೋಟೆಯ ಬುಡದಲ್ಲಿ ಬಳ್ಳಿ ಹುಡುಕಬಾರದು. ಬಳ್ಳಿಯಿದ್ದದ್ದು ಮೇಲೆ, ಸೋದೆ, ಶಿರಸಿ, ಯಲ್ಲಾಪುರ ಸೀಮೆಯ ಕಣಿವೆಗಳ ಅಡಿಕೆ ತೋಟದಲ್ಲಿ. ಅಡಿಕೆ ಮರವೇ ಬಳ್ಳಿಗೆ ಆಸರೆ. ಕದಿರಿನಲ್ಲಿ ಒಂದೆರಡು ಕಾಳು ಕೆಂಪಾಗುತ್ತಲೇ ಏಣಿ ಹಾಕಿ ಕೊಯ್ದು, ಕಾಳು ಬಿಡಿಸಿ, ಅಂಗಳದಲ್ಲಿ ಹರವುತ್ತಾರೆ. ಹಸಿರು ಸಿಪ್ಪೆ ಬಿಸಿಲಿಗೆ ಸುಕ್ಕಾಗಿ ಕಪ್ಪಾಗುತ್ತದೆ. ತೋಟ ಅರಸರ ಸ್ವಂತದ್ದಲ್ಲ. ಮಾಡುತ್ತಿದ್ದವರು ಹೆಚ್ಚಾಗಿ ಹವ್ಯಕರು. ಅರಮನೆಗೆ ಸೇರುತ್ತಿದ್ದದ್ದು ತೆರಿಗೆ, ಸುಂಕ. ಮನೆತನ ಹೋದರೂ ಬಳ್ಳಿ ಉಳಿದದ್ದಕ್ಕೆ ಕಾರಣ ಇದೇ ಎಂದು ನನ್ನ ಎಣಿಕೆ.

ಮನೆತನ ಹೋದದ್ದು ಹೀಗೆ: 1752ರಲ್ಲಿ ಗಡ ಪೋರ್ಚುಗೀಸರ ಕೈಸೇರಿತು. 1763ರ ಸುಮಾರಿಗೆ ಹೈದರಾಲಿಯ ಸೈನ್ಯ ಸೋದೆಯನ್ನೇ ತೆಗೆದುಕೊಂಡಾಗ ಕೊನೆಯ ಅರಸ ಇಮ್ಮಡಿ ಸದಾಶಿವ ಗೋವೆಗೆ ಹೋಗಿ ಪೋರ್ಚುಗೀಸರ ಆಶ್ರಯ ಪಡೆದ. ಫೋಂಡಾ, ಕಾಣಕೋಣ ಮೊದಲಾದ ಘಟ್ಟದ ಕೆಳಗಿನ ಸೀಮೆಗಳ ಹಕ್ಕನ್ನು ಮನೆತನ 1791ರ ಒಪ್ಪಂದದಲ್ಲಿ ಅವರಿಗೇ ಬಿಟ್ಟುಕೊಟ್ಟಿತು. ಫೋಂಡಾ ಬಳಿಯ ಬಾಂದೋಡೆ ಅರಸುಮನೆಯ ಹೊಸ ನೆಲೆಯಾಯಿತು.

1801ರಲ್ಲಿ ಈಸ್ಟ್ ಇಂಡಿಯಾ ಕಂಪನಿಯ ಸಮೀಕ್ಷಕ ಫ್ರಾನ್ಸಿಸ್ ಬುಕಾನನ್ ಅಂಕೋಲೆಯಿಂದ ಸದಾಶಿವಗಡಕ್ಕೆ ಬಂದು, ಕಾಳಿಯ ಗುಂಟ ಕದ್ರಾ ಹಾದು, ಘಟ್ಟ ಹತ್ತಿ ಯಲ್ಲಾಪುರಕ್ಕೂ ಸೋದೆಗೂ ಹೋದ. ಸೋದೆ ಪಟ್ಟಣ ಹಾಳಾಗಿತ್ತು. ಅಡಿಕೆ, ಮೆಣಸು, ಏಲಕ್ಕಿಯ ತೋಟಗಳ ಬೇಸಾಯವನ್ನು ಮಾತ್ರ ಅವನು ಪುಟಗಟ್ಟಲೆ ಬರೆದಿಟ್ಟ. ಸದಾಶಿವಗಡದ ಚರಿತ್ರೆ ಬರೆಯುವವರು ಕೋಟೆಯ ಕಲ್ಲಿಗಿಂತ ಮೊದಲು ಈ ಪುಟಗಳನ್ನೂ ಪಣಜಿಯ ಪುರಾಭಿಲೇಖಾಗಾರದಲ್ಲಿರುವ, ನೆರೆಯ ಅರಸರು ಪೋರ್ಚುಗೀಸರೊಡನೆ ನಡೆಸಿದ ಪತ್ರಗಳನ್ನೂ ಜೊತೆಗಿಟ್ಟು ಓದಬೇಕು.