ಕಾಲೇಜು ಕೋರ್ಸುಗಳ ಅನುಮೋದನೆಯಲ್ಲಿ ವಿಳಂಬ ಮತ್ತು ಕಾನೂನು ವ್ಯಾಜ್ಯಗಳು

ಭಾರತದಲ್ಲಿ ಹೊಸ ವೃತ್ತಿಶಿಕ್ಷಣ ಕಾಲೇಜನ್ನು ತೆರೆಯಲು, ಹೊಸ ಕೋರ್ಸನ್ನು ಆರಂಭಿಸಲು ಅಥವಾ ಸೀಟುಗಳ ಸಂಖ್ಯೆಯನ್ನು ಹೆಚ್ಚಿಸಲು ಸರ್ಕಾರದ ಅಥವಾ ಶಾಸನಬದ್ಧ ಸಂಸ್ಥೆಯ ಪೂರ್ವಾನುಮತಿ ಅಗತ್ಯ. ಅರ್ಜಿಯು ಸಕಾಲದಲ್ಲಿ ಇತ್ಯರ್ಥವಾಗದೆ ಪ್ರವೇಶಾತಿಯ ಗಡುವು ಸಮೀಪಿಸಿದಾಗ ಶಿಕ್ಷಣ ಸಂಸ್ಥೆಗಳು ನ್ಯಾಯಾಲಯದ ಮೊರೆ ಹೋಗುತ್ತವೆ. ವೈದ್ಯಕೀಯ, ಎಂಜಿನಿಯರಿಂಗ್, ಫಾರ್ಮಸಿ ಮತ್ತು ಬಿ.ಎಡ್. ಕಾಲೇಜುಗಳಿಗೆ ಸಂಬಂಧಿಸಿದಂತೆ ಇಂತಹ ಮೊಕದ್ದಮೆಗಳು ಸರ್ವೋಚ್ಚ ನ್ಯಾಯಾಲಯದವರೆಗೂ ಹೋಗಿವೆ.

ಹಿನ್ನೆಲೆ

1976ರ 42ನೆಯ ತಿದ್ದುಪಡಿಯ ಮೂಲಕ ಶಿಕ್ಷಣವು ಸಂವಿಧಾನದ ಸಮವರ್ತಿ ಪಟ್ಟಿಗೆ ಸೇರಿತು. ಉನ್ನತ ಶಿಕ್ಷಣದ ಗುಣಮಟ್ಟವನ್ನು ನಿರ್ಧರಿಸುವ ಅಧಿಕಾರವು ಕೇಂದ್ರ ಪಟ್ಟಿಯ 66ನೆಯ ನಮೂದಿನಡಿ ಕೇಂದ್ರದ ಬಳಿಯೇ ಇದೆ. ಹೀಗಾಗಿ ಒಂದು ಎಂಜಿನಿಯರಿಂಗ್ ಕಾಲೇಜು ಅಖಿಲ ಭಾರತ ತಾಂತ್ರಿಕ ಶಿಕ್ಷಣ ಪರಿಷತ್ತಿನ (ಎಐಸಿಟಿಇ) ಅನುಮೋದನೆಯನ್ನೂ ವಿಶ್ವವಿದ್ಯಾಲಯದ ಸಂಯೋಜನೆಯನ್ನೂ ಪಡೆಯಬೇಕು. ರಾಜ್ಯ ಸರ್ಕಾರದ ಅಭಿಪ್ರಾಯವನ್ನೂ ಕೇಳಲಾಗುತ್ತದೆ. ಒಂದು ಕಡತ ತಡವಾದರೆ ಮುಂದಿನ ಹಂತಗಳೆಲ್ಲವೂ ತಡವಾಗುತ್ತವೆ. ಅನುಮೋದನೆಯಿಲ್ಲದ ಕೋರ್ಸು ಕೌನ್ಸೆಲಿಂಗ್‌ನ ಸೀಟು ಪಟ್ಟಿಗೆ ಸೇರುವುದಿಲ್ಲವಾದ್ದರಿಂದ ಕೆಲವು ವಾರಗಳ ವಿಳಂಬವೂ ಇಡೀ ಶೈಕ್ಷಣಿಕ ವರ್ಷದ ನಷ್ಟವಾಗಿ ಪರಿಣಮಿಸಬಹುದು.

ಪರಿಹಾರದ ಮಿತಿ

ಸಂಸ್ಥೆಗಳು ಸಾಮಾನ್ಯವಾಗಿ ಸಂವಿಧಾನದ 226ನೆಯ ವಿಧಿಯಡಿ ಉಚ್ಚ ನ್ಯಾಯಾಲಯದಲ್ಲಿ ರಿಟ್ ಅರ್ಜಿ ಸಲ್ಲಿಸುತ್ತವೆ. ಇಲ್ಲಿ ನ್ಯಾಯಾಲಯವು ಸಾಮಾನ್ಯವಾಗಿ 'ಅನುಮೋದನೆ ನೀಡಿ' ಎಂದು ಆದೇಶಿಸುವುದಿಲ್ಲ. 'ಇಷ್ಟು ದಿನಗಳಲ್ಲಿ ತೀರ್ಮಾನಿಸಿ' ಎಂದಷ್ಟೇ ಆದೇಶಿಸುತ್ತದೆ. ಕಟ್ಟಡ, ಬೋಧಕರು, ಪ್ರಯೋಗಾಲಯಗಳು ಸಾಕಷ್ಟಿವೆಯೇ ಎಂಬುದನ್ನು ಪರಿಶೀಲಿಸುವುದು ತಜ್ಞ ಸಂಸ್ಥೆಯ ಕೆಲಸವೆಂಬುದು ಇದಕ್ಕೆ ಕಾರಣ. ಆದ್ದರಿಂದ ಮೊಕದ್ದಮೆಯಲ್ಲಿ ಗೆದ್ದ ಕಾಲೇಜಿಗೂ ಆ ವರ್ಷದ ಪ್ರವೇಶಾತಿ ಕೈತಪ್ಪುವ ಸಾಧ್ಯತೆ ಇರುತ್ತದೆ.

ಕಾಲಮಿತಿಯ ನಿಯಮಗಳು

ವಿಳಂಬದ ಹೊಣೆಯನ್ನು ಅಧಿಕಾರಿಗಳ ಮೇಲೆಯೇ ಹೊರಿಸಿದ ಅಪರೂಪದ ನಿಯಮವೊಂದು ಭಾರತೀಯ ವೈದ್ಯಕೀಯ ಪರಿಷತ್ತು ಅಧಿನಿಯಮ, 1956ರಲ್ಲಿತ್ತು. 1993ರಲ್ಲಿ ಸೇರಿಸಲಾದ 10ಎ ಪ್ರಕರಣದ 5ನೆಯ ಉಪಪ್ರಕರಣದಂತೆ, ಯೋಜನೆ ಸಲ್ಲಿಸಿದ ಒಂದು ವರ್ಷದೊಳಗೆ ಕೇಂದ್ರ ಸರ್ಕಾರದ ಆದೇಶ ಬಾರದಿದ್ದರೆ ಆ ಯೋಜನೆಯು ಅನುಮೋದನೆಗೊಂಡಿದೆಯೆಂದೇ ಭಾವಿಸಬೇಕಿತ್ತು. ಆದರೆ ಕೇಳಿದ ವಿವರಗಳನ್ನು ಒದಗಿಸಲು ಅರ್ಜಿದಾರರು ತೆಗೆದುಕೊಂಡ ಅವಧಿಯನ್ನು ಈ ಒಂದು ವರ್ಷದಲ್ಲಿ ಲೆಕ್ಕಿಸುವಂತಿರಲಿಲ್ಲ. ಇದರಿಂದ ವರ್ಷ ತುಂಬಿತೇ ಇಲ್ಲವೇ ಎಂಬುದೇ ವಿವಾದದ ವಸ್ತುವಾಗಲು ಆಸ್ಪದವಿತ್ತು.

ರಾಷ್ಟ್ರೀಯ ವೈದ್ಯಕೀಯ ಆಯೋಗ ಅಧಿನಿಯಮ, 2019 ಈ ಸ್ಥಿತಿಯನ್ನು ಬದಲಾಯಿಸಿತು. ಅದರ 28ನೆಯ ಪ್ರಕರಣದಂತೆ ಆರು ತಿಂಗಳೊಳಗೆ ತೀರ್ಮಾನವಾಗಬೇಕು. ಆಗದಿದ್ದರೆ ಅರ್ಜಿದಾರರು ಆಯೋಗಕ್ಕೆ ಮೇಲ್ಮನವಿ ಸಲ್ಲಿಸಬಹುದು. ಅವಧಿ ಕಡಿಮೆಯಾಯಿತು, ಆದರೆ ಮೌನವನ್ನು ಸಮ್ಮತಿಯೆಂದು ಪರಿಗಣಿಸುವ ಅನುಕೂಲ ಹೋಯಿತು.

ತಾಂತ್ರಿಕ ಶಿಕ್ಷಣದಲ್ಲಿ ದಿನಾಂಕಗಳನ್ನು ಗೊತ್ತುಪಡಿಸಿದ್ದು ಸರ್ವೋಚ್ಚ ನ್ಯಾಯಾಲಯ. ಪಾರ್ಶ್ವನಾಥ ಚಾರಿಟಬಲ್ ಟ್ರಸ್ಟ್ ಪ್ರಕರಣದ 2012ರ ಡಿಸೆಂಬರ್ ತೀರ್ಪಿನಂತೆ ಅನುಮೋದನೆಯ ನಿರ್ಧಾರ ಏಪ್ರಿಲ್ 10ರೊಳಗೆ ಮತ್ತು ಸಂಯೋಜನೆಯ ನಿರ್ಧಾರ ಮೇ 15ರೊಳಗೆ ಆಗಬೇಕು. ತರಗತಿಗಳು ಆಗಸ್ಟ್ 1ರಂದು ಆರಂಭವಾಗಬೇಕು. ಈ ವೇಳಾಪಟ್ಟಿ ಇಬ್ಬಾಯಿಯ ಕತ್ತಿಯಂತಿದೆ. ಅಧಿಕಾರಿಗಳು ತಡಮಾಡಬಾರದೆಂಬುದು ಅದರ ಒಂದು ಉದ್ದೇಶವಾದರೂ, ಗಡುವು ಮೀರಿದ ಮೇಲೆ ಬಂದ ಕಾಲೇಜಿಗೆ ಅದೇ ವೇಳಾಪಟ್ಟಿ ಅಡ್ಡಿಯಾಗುತ್ತದೆ.

ರಾಜ್ಯ ಸರ್ಕಾರಗಳ ಪಾತ್ರ

ಕೇರಳದ ಜಯ ಗೋಕುಲ್ ಎಜುಕೇಷನಲ್ ಟ್ರಸ್ಟ್‌ನ ಎಂಜಿನಿಯರಿಂಗ್ ಕಾಲೇಜಿಗೆ ಎಐಸಿಟಿಇ ಅನುಮೋದನೆ ದೊರೆತಿದ್ದರೂ ರಾಜ್ಯ ಸರ್ಕಾರ ಒಪ್ಪಿಗೆ ನಿರಾಕರಿಸಿತ್ತು. 2000ದಲ್ಲಿ ಸರ್ವೋಚ್ಚ ನ್ಯಾಯಾಲಯವು ಈ ನಿರಾಕರಣೆಯನ್ನು ರದ್ದುಗೊಳಿಸಿತು. ವಿಶ್ವವಿದ್ಯಾಲಯವು ರಾಜ್ಯದ ಅಭಿಪ್ರಾಯವನ್ನು ಕೇಳಬಹುದು, ಆದರೆ ಅದನ್ನು ಪ್ರತ್ಯೇಕ ಅನುಮೋದನೆಯನ್ನಾಗಿ ಮಾಡಲಾಗದು ಎಂಬುದು ತೀರ್ಪಿನ ಸಾರ.

ಫಾರ್ಮಸಿ ಕಾಲೇಜುಗಳ ಮೇಲಿನ ತಡೆ

2019ರಲ್ಲಿ ಭಾರತೀಯ ಫಾರ್ಮಸಿ ಪರಿಷತ್ತು ಹೊಸ ಕಾಲೇಜುಗಳಿಗೆ ಐದು ವರ್ಷಗಳ ತಡೆ ವಿಧಿಸಿತು. ಕರ್ನಾಟಕ, ದೆಹಲಿ ಮತ್ತು ಛತ್ತೀಸ್‌ಗಢ ಉಚ್ಚ ನ್ಯಾಯಾಲಯಗಳು ಇದನ್ನು ರದ್ದುಪಡಿಸಿದವು. 2022ರ ಸೆಪ್ಟೆಂಬರ್‌ನಲ್ಲಿ ರಾಜೀವ್ ಕಾಲೇಜ್ ಆಫ್ ಫಾರ್ಮಸಿ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು ಇದನ್ನು ಎತ್ತಿಹಿಡಿಯಿತು. ಶಿಕ್ಷಣ ಸಂಸ್ಥೆ ಸ್ಥಾಪಿಸುವ ಹಕ್ಕು 19(1)(ಜಿ) ವಿಧಿಯಡಿ ಮೂಲಭೂತ ಹಕ್ಕಾಗಿದ್ದು, ಅದನ್ನು ಕಾನೂನಿನ ಮೂಲಕವಲ್ಲದೆ ಕೇವಲ ಆಡಳಿತಾತ್ಮಕ ನಿರ್ಣಯದಿಂದ ನಿರ್ಬಂಧಿಸಲಾಗದು ಎಂದು ಅದು ಹೇಳಿತು. ಕರ್ನಾಟಕದಿಂದಲೇ ಹೋದ ಟಿ.ಎಂ.ಎ. ಪೈ ಪ್ರತಿಷ್ಠಾನದ ಪ್ರಕರಣದಲ್ಲಿ 2002ರಲ್ಲಿ ಹನ್ನೊಂದು ನ್ಯಾಯಮೂರ್ತಿಗಳ ಪೀಠವು ಈ ಹಕ್ಕನ್ನು ಗುರುತಿಸಿತ್ತು.

ವಿದ್ಯಾರ್ಥಿಗಳ ಸ್ಥಿತಿ

ಅನುಮೋದನೆ ಬಂದೇ ಬರುತ್ತದೆಂಬ ಭರವಸೆಯ ಮೇಲೆ ಕಾಲೇಜು ಪ್ರವೇಶ ನೀಡಿದಾಗ ಹೆಚ್ಚು ತೊಂದರೆಗೆ ಒಳಗಾಗುವವರು ವಿದ್ಯಾರ್ಥಿಗಳು. ಎ.ಪಿ. ಕ್ರಿಶ್ಚಿಯನ್ಸ್ ಮೆಡಿಕಲ್ ಎಜುಕೇಷನಲ್ ಸೊಸೈಟಿ ಪ್ರಕರಣದಲ್ಲಿ (1986) ಅನುಮತಿಯೂ ಸಂಯೋಜನೆಯೂ ಇಲ್ಲದ ಕಾಲೇಜಿನ ವಿದ್ಯಾರ್ಥಿಗಳು ಪರೀಕ್ಷೆ ಬರೆಯಲು ಅವಕಾಶ ಕೋರಿದ್ದರು. ವಿಶ್ವವಿದ್ಯಾಲಯವು ತನ್ನದೇ ಕಾಯ್ದೆಯನ್ನು ಮೀರುವಂತೆ ನಿರ್ದೇಶಿಸಲಾಗದೆಂದು ಸರ್ವೋಚ್ಚ ನ್ಯಾಯಾಲಯ ಆ ಮನವಿಯನ್ನು ತಿರಸ್ಕರಿಸಿತು. ತಮ್ಮದಲ್ಲದ ತಪ್ಪಿನಿಂದ ಎಂ.ಬಿ.ಬಿ.ಎಸ್. ಸೀಟು ಕಳೆದುಕೊಂಡು, ತಡಮಾಡದೆ ನ್ಯಾಯಾಲಯಕ್ಕೆ ಬಂದ ಅರ್ಹ ವಿದ್ಯಾರ್ಥಿಗಳಿಗೆ ಅಪರೂಪದ ಸಂದರ್ಭಗಳಲ್ಲಿ ಗಡುವಿನ ನಂತರವೂ ಒಂದು ತಿಂಗಳೊಳಗೆ ಪ್ರವೇಶ ನೀಡಬಹುದೆಂದು 2019ರ ಎಸ್. ಕೃಷ್ಣ ಶ್ರದ್ಧಾ ತೀರ್ಪು ತಿಳಿಸಿದೆ. ಆದರೆ ಅದು ಪ್ರವೇಶ ನಿರಾಕರಣೆಯ ಪ್ರಕರಣ. ಅನುಮೋದನೆಯೇ ಇಲ್ಲದ ಕಾಲೇಜಿಗೆ ಸೇರಿದವರಿಗೆ ಸಂಬಂಧಿಸಿದ್ದಲ್ಲ.