ಹೆಸರಿನ ಪಕ್ಕದ ಅಂಕಿ

ಕಾಲೇಜು ಬಿಡುವ ಹೊತ್ತಿಗೆ ಮಡಂತ್ಯಾರು ಪೇಟೆಯಲ್ಲಿ ಬಸ್ಸಿಗೆ ಕಾಯುವ ಹುಡುಗರ ಮಾತಿಗೆ ಕಿವಿಗೊಟ್ಟರೆ ಒಂದು ಪ್ರಶ್ನೆ ಮತ್ತೆ ಮತ್ತೆ ಕೇಳಿಸುತ್ತದೆ: "ನಿನ್ನ ಕೆಡಿ ಏತ್?" ನಿನ್ನ ಕೆಡಿ ಎಷ್ಟು ಎಂದರ್ಥ. ಪೊಲೀಸ್ ಠಾಣೆಯ ಕೇಡಿಗೂ ಇದಕ್ಕೂ ಸಂಬಂಧವಿಲ್ಲ. ಮೊಬೈಲಿನ ಶೂಟರ್ ಆಟದಲ್ಲಿ ಒಬ್ಬ ಎಷ್ಟು ಜನರನ್ನು ಕೊಂದ, ಎಷ್ಟು ಸಲ ತಾನೇ ಸತ್ತ ಎಂಬುದರ ಅನುಪಾತ ಅದು. ಅದರ ಬೆನ್ನಿಗೇ ಇನ್ನೊಂದು ಪ್ರಶ್ನೆ ಬರುತ್ತದೆ, ರ‍್ಯಾಂಕ್ ಯಾವುದು ಅಂತ. ಬ್ರಾಂಜ್, ಸಿಲ್ವರ್, ಗೋಲ್ಡ್, ಪ್ಲಾಟಿನಮ್, ಡೈಮಂಡ್, ಕ್ರೌನ್, ಏಸ್. ಎಲ್ಲಕ್ಕಿಂತ ಮೇಲೆ, ಆಯಾ ಸರ್ವರಿನ ಮೊದಲ 500 ಮಂದಿಗೆ ಮಾತ್ರ ಸಿಗುವ ಕಾಂಕರರ್. ಬಾಯಿಬಿಟ್ಟು ಕೇಳಬೇಕೆಂದೂ ಇಲ್ಲ. ಹೆಸರಿನ ಮೇಲೆ ಬೆರಳಿಟ್ಟರೆ ಆಟಗಾರನ ಜಾತಕ ತೆರೆದುಕೊಳ್ಳುತ್ತದೆ.

ಹೀಗೆ ಇನ್ನೊಬ್ಬನ ಜಾತಕ ತೆರೆದು ನೋಡುವ ಅಭ್ಯಾಸಕ್ಕೂ ಒಂದು ಚರಿತ್ರೆಯಿದೆ. ಅದನ್ನು ಹುಡುಕುತ್ತ ಹೋದವರು ಮೊದಲು ತಲುಪುವುದು ಚದುರಂಗದ ಮಣೆಯ ಬಳಿಗೆ. ಹಂಗೇರಿಯಲ್ಲಿ ಹುಟ್ಟಿ ಅಮೆರಿಕದ ಮಿಲ್ವಾಕಿಯಲ್ಲಿ ಭೌತಶಾಸ್ತ್ರದ ಮೇಷ್ಟ್ರಾಗಿದ್ದ ಅರ್ಪಾದ್ ಎಲೋ ರೂಪಿಸಿದ ಪದ್ಧತಿಯನ್ನು ಅಮೆರಿಕದ ಚೆಸ್ ಸಂಸ್ಥೆ 1960ರಲ್ಲಿ, ಅಂತಾರಾಷ್ಟ್ರೀಯ ಸಂಸ್ಥೆಯಾದ ಫಿಡೆ 1970ರಲ್ಲಿ ಒಪ್ಪಿಕೊಂಡವು. ಅದರ ತಿರುಳು ಸರಳ. ಇಬ್ಬರ ಅಂಕಿಗಳ ನಡುವಿನ ಅಂತರವೇ ಫಲಿತಾಂಶದ ಮುನ್ಸೂಚನೆ. 200 ಅಂಕ ಹೆಚ್ಚಿದ್ದವನು 100 ಆಟಗಳಲ್ಲಿ ಸುಮಾರು 76 ಅಂಕ ಗಳಿಸಬೇಕು. 400 ಹೆಚ್ಚಿದ್ದರೆ ಸುಮಾರು 91. ನಿರೀಕ್ಷೆಗಿಂತ ಚೆನ್ನಾಗಿ ಆಡಿದರೆ ಅಂಕಿ ಏರುತ್ತದೆ, ಕೆಟ್ಟದಾಗಿ ಆಡಿದರೆ ಇಳಿಯುತ್ತದೆ. ಬಲಿಷ್ಠನನ್ನು ಸೋಲಿಸಿದರೆ ಲಾಭ ಹೆಚ್ಚು, ದುರ್ಬಲನನ್ನು ಸೋಲಿಸಿದರೆ ಕಡಿಮೆ. ಫಿಡೆಯ ಪಟ್ಟಿ ಮೊದಲು ವರ್ಷಕ್ಕೊಮ್ಮೆ ಬರುತ್ತಿತ್ತು. 2012ರಿಂದ ತಿಂಗಳಿಗೊಮ್ಮೆ ಬರುತ್ತಿದೆ. ಮಣೆಯ ಮುಂದೆ ಕೂರುವ ಮೊದಲೇ ಎದುರಾಳಿಯ ಅಂಕಿ ಗೊತ್ತಿರುವುದು ಚೆಸ್ಸಿನಲ್ಲಿ ಯಾರಿಗೂ ತಪ್ಪೆನಿಸಲಿಲ್ಲ. ಒಬ್ಬನ ಎದುರು ಒಬ್ಬ ಆಡುವ ಆಟವದು. ಸೋತರೆ ಬೈಯಲು ಪಕ್ಕದಲ್ಲಿ ಜೊತೆಗಾರ ಇರುವುದಿಲ್ಲ.

ಕಂಪ್ಯೂಟರ್ ಆಟಗಳಲ್ಲಿ ತೊಡಕು ಬೇಗನೆ ಕಾಣಿಸಿಕೊಂಡಿತು. 1996ರ ಸುಮಾರಿಗೆ ವಾರ್‌ಕ್ರಾಫ್ಟ್ 2 ಎಂಬ ಯುದ್ಧತಂತ್ರದ ಆಟದಲ್ಲಿ ಇಬ್ಬರು ಗೆಳೆಯರು ಎಷ್ಟು ಪಳಗಿದ್ದರೆಂದರೆ, ಅವರ ಹೆಸರು ಕಂಡೊಡನೆ ಉಳಿದವರು ಜಾಗ ಖಾಲಿ ಮಾಡುತ್ತಿದ್ದರಂತೆ. ಆಡಲು ಜನ ಸಿಗದೆ ಅವರು ಕಾರ್ಟೂನಿನ ಸ್ಮರ್ಫ್‌ಗಳ ಹೆಸರಿಟ್ಟುಕೊಂಡು ಬಂದರು. ಪಳಗಿದ ಆಟಗಾರ ಹೊಸಬನ ವೇಷದಲ್ಲಿ ಬರುವುದಕ್ಕೆ ಇಂದಿಗೂ ಜಗತ್ತಿನಾದ್ಯಂತ ಸ್ಮರ್ಫಿಂಗ್ ಎನ್ನುವುದು ಅದರಿಂದಲೇ. ಅಂದರೆ ಎದುರಾಳಿ ಯಾರೆಂದು ನೋಡುವ ಚಾಳಿ ಶುರುವಾದ ಕಾಲಕ್ಕೇ ಮುಖ ಮರೆಸುವ ಚಾಳಿಯೂ ಶುರುವಾಗಿದೆ.

2004ರ ನವೆಂಬರಿನಲ್ಲಿ ಬಂದ ಹೇಲೋ 2 ಪ್ರತಿಯೊಬ್ಬನ ಹೆಸರಿನ ಪಕ್ಕ 1ರಿಂದ 50ರವರೆಗಿನ ಅಂಕಿಯೊಂದನ್ನು ಇಟ್ಟಿತು. 50 ಎಂಬುದು ಪದಕವಾಯಿತು. ಪದಕವಾದದ್ದು ಸರಕಾಗಲು ತಡವಾಗಲಿಲ್ಲ. ಮೇಲಿನ ಅಂಕಿಯ ಖಾತೆಗಳು ಮಾರಾಟಕ್ಕೆ ಬಂದವು. ಇದೇ ಹೊತ್ತಿಗೆ ಕೇಂಬ್ರಿಜ್‌ನ ಮೈಕ್ರೋಸಾಫ್ಟ್ ರಿಸರ್ಚ್‌ನಲ್ಲಿ ರಾಲ್ಫ್ ಹರ್‌ಬ್ರಿಶ್, ಟಾಮ್ ಮಿಂಕಾ, ಥೋರೆ ಗ್ರೇಪೆಲ್ ಸೇರಿ ಟ್ರೂಸ್ಕಿಲ್ ಎಂಬ ಪದ್ಧತಿ ರೂಪಿಸಿದರು. ನನಗೆ ಈ ಚರಿತ್ರೆಯಲ್ಲಿ ಎಲ್ಲಕ್ಕಿಂತ ಸ್ವಾರಸ್ಯ ಅನಿಸುವುದು ಇದೇ. ಇಲ್ಲಿ ಒಬ್ಬ ಆಟಗಾರನಿಗೆ ಒಂದಲ್ಲ, ಎರಡು ಅಂಕಿ. ಇವನ ಸಾಮರ್ಥ್ಯ ಇಷ್ಟಿರಬಹುದು ಎಂಬ ಅಂದಾಜು ಒಂದು. ಆ ಅಂದಾಜಿನ ಮೇಲೆ ಯಂತ್ರಕ್ಕೇ ಎಷ್ಟು ಅನುಮಾನವಿದೆ ಎಂಬುದು ಇನ್ನೊಂದು. ಹೊಸಬನಿಗೆ ಅಂದಾಜು 25, ಅನುಮಾನ ಸುಮಾರು 8.33. ಪಟ್ಟಿಯಲ್ಲಿ ತೋರಿಸುವಾಗ ಅಂದಾಜಿನಿಂದ ಅನುಮಾನದ ಮೂರು ಪಟ್ಟನ್ನು ಕಳೆಯುತ್ತಾರೆ. ಹಾಗಾಗಿ ಹೊಸಬ ಸೊನ್ನೆಯಿಂದ ಶುರುಮಾಡುತ್ತಾನೆ. ಅವನು ಸೊನ್ನೆ ಸಾಮರ್ಥ್ಯದವನು ಎಂದಲ್ಲ, ಅವನ ಬಗ್ಗೆ ಯಂತ್ರಕ್ಕೆ ಇನ್ನೂ ಏನೂ ತಿಳಿದಿಲ್ಲ ಎಂದು ಅದರ ಅರ್ಥ. ನೋಡುವವನಿಗೆ ಮಾತ್ರ ಕಾಣುವುದು ಬರೀ ಸೊನ್ನೆ.

ಅಲ್ಲಿಂದಾಚೆ ಬಹಳಷ್ಟು ಶೂಟರ್ ಆಟಗಳು ಈ ಇಬ್ಬಂದಿಯಲ್ಲೇ ನಡೆದಿವೆ. ಸರಿಜೋಡಿ ಹುಡುಕಲು ಒಳಗೊಂದು ಗುಪ್ತ ಅಂಕಿ, ಎದೆಗೆ ಚುಚ್ಚಿಕೊಳ್ಳಲು ಹೊರಗೊಂದು ಬಿಲ್ಲೆ. ಬಿಲ್ಲೆಯಲ್ಲಿ ಸಾಮರ್ಥ್ಯದ ಜೊತೆಗೆ ಪುರುಸೊತ್ತೂ ಬೆರೆತಿರುತ್ತದೆ. ಸೀಸನ್ ಮುಗಿದಾಗ ಅದು ಕೆಳಗಿಳಿಯುತ್ತದೆ, ಮತ್ತೆ ಆಡಿ ಆಡಿ ಮೇಲೇರಿಸಬೇಕು. ಅಡಿಕೆ ಕೊಯ್ಲಿನ ದಿನಗಳಲ್ಲಿ ತೋಟದಲ್ಲಿ ದುಡಿದು ಬಂದ ಹುಡುಗನ ಬಿಲ್ಲೆ ಗೋಲ್ಡ್‌ನಲ್ಲೇ ನಿಂತಿದ್ದರೆ ಅದಕ್ಕೆ ಕಾರಣ ಅವನ ಗುರಿಯಲ್ಲ.

ಜೊತೆಗಾರರ ರ‍್ಯಾಂಕನ್ನು ಯಾವಾಗ ತೋರಿಸಬೇಕು ಎಂಬುದರಲ್ಲಿ ಕಂಪನಿಗಳಿಗೆ ಒಮ್ಮತ ಬರಲೇ ಇಲ್ಲ. 2012ರ ಕೌಂಟರ್ ಸ್ಟ್ರೈಕ್: ಗ್ಲೋಬಲ್ ಅಫೆನ್ಸಿವ್‌ನಲ್ಲಿ 18 ಮೆಟ್ಟಿಲುಗಳಿದ್ದವು, ಅಪರಿಚಿತ ಜೊತೆಗಾರರ ಮೆಟ್ಟಿಲು ಕಾಣುತ್ತಿದ್ದುದು ಪಂದ್ಯ ಮುಗಿದ ಮೇಲೆ. 2016ರಲ್ಲಿ ಬಂದ ಓವರ್‌ವಾಚ್‌ನಲ್ಲಿ ಯಾರ ಪ್ರೊಫೈಲನ್ನು ಯಾರು ಬೇಕಾದರೂ ತೆರೆಯಬಹುದಿತ್ತು. ಪರಿಣಾಮ ಊಹಿಸಬಹುದಾದದ್ದೇ. ಈ ಪಾತ್ರವನ್ನು ನೀನು ಎರಡೇ ಗಂಟೆ ಆಡಿದ್ದೀಯ, ಬಿಡು ಎಂದು ಆಟಕ್ಕೆ ಮೊದಲೇ ಜಗಳ. 2018ರ ಜೂನ್‌ನಲ್ಲಿ ಆ ಕಂಪನಿ ಪ್ರೊಫೈಲ್ ಮುಚ್ಚಿಡುವ ಸೌಲಭ್ಯ ತಂದಿತು. ಕೂಡಲೇ ಹೊಸ ಬೈಗುಳವೊಂದು ಹುಟ್ಟಿತು: ಮುಚ್ಚಿಟ್ಟಿದ್ದಾನೆ ಅಂದಮೇಲೆ ಏನೋ ಇರಬೇಕು. 2020ರ ವ್ಯಾಲರಂಟ್‌ನ ಕಂಪನಿ ಇನ್ನೊಂದು ದಾರಿ ಹಿಡಿಯಿತು. ಹೊರಗಿನ ತಾಣಗಳು ಒಬ್ಬ ಆಟಗಾರನ ಅಂಕಿಅಂಶ ತೋರಿಸಬೇಕಾದರೆ ಆತನೇ ಒಪ್ಪಿಗೆ ಕೊಟ್ಟಿರಬೇಕು ಎಂಬ ನಿಯಮ ಮಾಡಿತು. ಈ ಮೂರರಲ್ಲಿ ನನಗೆ ಹಿಡಿಸುವುದು ಕೊನೆಯದು. ಆದರೆ ಬಸ್ಸಿಗೆ ಕಾಯುತ್ತಾ ನಿಂತಾಗ ಗೆಳೆಯ ಕೇಳಿದರೆ ಒಪ್ಪಿಗೆ ಕೊಡದಿರುವುದು ಸುಲಭವಲ್ಲ.

ಒಂದು ಅಂಕಿಯನ್ನು ಅದು ಹುಟ್ಟಿದ ಕಣದಿಂದ ಕಿತ್ತು ಬೇರೆ ಕಣದಲ್ಲಿಟ್ಟರೆ ಏನಾಗುತ್ತದೆ ಎಂಬುದನ್ನು ನಮ್ಮ ಸೀಮೆ 2020ರ ಫೆಬ್ರವರಿಯಲ್ಲಿ ಕಣ್ಣಾರೆ ಕಂಡಿತು. ಫೆಬ್ರವರಿ 1ರಂದು ಐಕಳ ಕಂಬಳದಲ್ಲಿ ಮೂಡುಬಿದಿರೆ ಬಳಿಯ ಮಿಜಾರಿನ ಶ್ರೀನಿವಾಸ ಗೌಡರು 142.5 ಮೀಟರ್ ಕರೆಯನ್ನು 13.62 ಸೆಕೆಂಡಿನಲ್ಲಿ ಓಡಿದರು. ಯಾರೋ ಭಾಗಾಕಾರ ಮಾಡಿ 100 ಮೀಟರಿಗೆ 9.55 ಸೆಕೆಂಡ್ ಎಂದರು. ಉಸೇನ್ ಬೋಲ್ಟ್ 2009ರಲ್ಲಿ ಬರ್ಲಿನ್‌ನಲ್ಲಿ ಓಡಿದ್ದು 9.58ರಲ್ಲಿ. ದೇಶವೇ ಕುಣಿಯಿತು. ಕ್ರೀಡಾ ಸಚಿವರು ಗೌಡರನ್ನು ಟ್ರಯಲ್ಸ್‌ಗೆ ಕರೆದರು, ಗೌಡರು ಹೋಗಲಿಲ್ಲ. ಅದೇ ತಿಂಗಳು ವೇಣೂರು ಕಂಬಳದಲ್ಲಿ ಬಜಗೋಳಿಯ ನಿಶಾಂತ್ ಶೆಟ್ಟರು 143 ಮೀಟರನ್ನು 13.61 ಸೆಕೆಂಡಿನಲ್ಲಿ ಓಡಿದರು; ಭಾಗಾಕಾರಕ್ಕೆ 9.51 ಬಂತು. ಮಡಂತ್ಯಾರಿನಿಂದ ಹೊರಟು ಗುರುವಾಯನಕೆರೆಯಲ್ಲಿ ಎಡಕ್ಕೆ ತಿರುಗಿದರೆ ಸಿಗುವ ಊರು ವೇಣೂರು. ಇಬ್ಬರ ಸಮಯದ ನಡುವಿನ ವ್ಯತ್ಯಾಸ ಸೆಕೆಂಡಿನ ನೂರರಲ್ಲಿ ಒಂದು ಭಾಗ. ಕರೆಯ ಉದ್ದ ಬೇರೆಯಾದ್ದರಿಂದ ಭಾಗಾಕಾರದಲ್ಲಿ ಅದು ನಾಲ್ಕಾಯಿತು.

ಕಂಬಳದ ಓಟಗಾರ ಕೋಣಗಳ ಹಿಂದೆ, ಅವುಗಳ ಎಳೆತದ ಜೊತೆ, ಕೆಸರು ನೀರಿನಲ್ಲಿ ಬರಿಗಾಲಲ್ಲಿ ಓಡುತ್ತಾನೆ. ಬೋಲ್ಟ್ ನಿಂತಲ್ಲಿಂದ, ಗುಂಡಿನ ಸದ್ದಿಗೆ ಕಾದು, ಒಬ್ಬನೇ ಹೊರಡುತ್ತಾನೆ. ಇದು ಗೌಡರನ್ನೋ ಶೆಟ್ಟರನ್ನೋ ಕಿರಿದು ಮಾಡುವ ಮಾತಲ್ಲ. ಕೋಣ ಓಡಿಸುವುದು ಗೊತ್ತಿದ್ದವರು ಆ ಹೋಲಿಕೆಯನ್ನು ಕೇಳಿ ಮೊದಲೇ ನಕ್ಕಿದ್ದರು. ಕಂಬಳದೊಳಗೇ ನೇಗಿಲು, ಹಗ್ಗ, ಅಡ್ಡ ಹಲಗೆ, ಕನೆ ಹಲಗೆ ಎಂಬ ವಿಭಾಗಗಳಿವೆ. ನೇಗಿಲಿನ ಸಮಯವನ್ನು ಹಗ್ಗದ ಸಮಯದ ಜೊತೆ ತೂಗುವವರಿಲ್ಲ. ಕನೆ ಹಲಗೆಯಲ್ಲಂತೂ ವೇಗದ ಲೆಕ್ಕವೇ ಇಲ್ಲ. ಚಿಮ್ಮಿದ ನೀರು ಆರೂವರೆ ಕೋಲಿನ ನಿಶಾನೆಗೆ ಮುಟ್ಟಿತೋ, ಏಳೂವರೆಗೆ ಮುಟ್ಟಿತೋ ಎಂಬುದಷ್ಟೇ ಪ್ರಶ್ನೆ. ಎಲೋನ ಅಂಕಿಯೂ ಹೀಗೆಯೇ, ಒಂದು ಗುಂಪಿನೊಳಗೆ ಯಾರು ಯಾರನ್ನು ಸೋಲಿಸಬಹುದು ಎಂದಷ್ಟೇ ಹೇಳುತ್ತದೆ. ಒಂದು ಆಟದ ಡೈಮಂಡ್ ಇನ್ನೊಂದು ಆಟದಲ್ಲಿ ಏನೂ ಅಲ್ಲ.

ಇನ್ನು ಚರಿತ್ರೆ ಓದುವವರ ತೊಂದರೆಯೊಂದಿದೆ. ಕಂಬಳದ ಮರುದಿನ ಪತ್ರಿಕೆಯಲ್ಲಿ ಫಲಿತಾಂಶ ಅಚ್ಚಾಗುತ್ತದೆ: ವಿಭಾಗ, ಕೋಣಗಳ ಯಜಮಾನರು, ಓಡಿಸಿದವರು, ಕನೆ ಹಲಗೆಯಾದರೆ ಹಲಗೆ ಮುಟ್ಟಿದವರು. ಐವತ್ತು ವರ್ಷ ಬಿಟ್ಟು ಬರುವ ಸಂಶೋಧಕನಿಗೆ ಅಷ್ಟು ಸಾಕು. ಆಟದ ರ‍್ಯಾಂಕಿಗೆ ಅಂಥ ದಾಖಲೆಯಿಲ್ಲ. 2020ರ ಸೆಪ್ಟೆಂಬರ್ 2ರಂದು ಕೇಂದ್ರ ಸರ್ಕಾರ ನಿಷೇಧಿಸಿದ 118 ಆ್ಯಪ್‌ಗಳಲ್ಲಿ ಪಬ್‌ಜಿ ಮೊಬೈಲ್ ಒಂದು. ಅಕ್ಟೋಬರ್ 30ಕ್ಕೆ ಭಾರತದಲ್ಲಿ ಅದರ ಸರ್ವರ್ ಸೇವೆಯೂ ನಿಂತಿತು. 2021ರ ಜುಲೈಯಲ್ಲಿ ಬಿಜಿಎಂಐ ಎಂಬ ಹೆಸರಿನಲ್ಲಿ ಮರಳಿ ಬಂದ ಆಟ 2022ರ ಜುಲೈಯಲ್ಲಿ ಮತ್ತೆ ಕಾಣೆಯಾಗಿ, 2023ರ ಮೇಯಲ್ಲಿ ಇನ್ನೊಮ್ಮೆ ಬಂತು. ಲಾಕ್‌ಡೌನಿನ ತಿಂಗಳುಗಳಲ್ಲಿ, ನೆಟ್‌ವರ್ಕ್ ಸಿಗುವ ಗುಡ್ಡದ ತುದಿಯಲ್ಲಿ ಕೂತು ಏಸ್‌ವರೆಗೆ ಏರಿದವರ ಬಳಿ ಈಗ ಉಳಿದಿರುವುದು ಹಳೆಯ ಫೋನಿನ ಸ್ಕ್ರೀನ್‌ಶಾಟ್ ಮಾತ್ರ. ಅದನ್ನು ತೋರಿಸಿದರೆ ಈಗಿನ ಪಿಯುಸಿ ಹುಡುಗರು ಎಡಿಟ್ ಮಾಡಿದ್ದು ಎನ್ನುತ್ತಾರೆ. ಅಲ್ಲ ಎಂದು ತೋರಿಸಲು ಹೆಸರಿನ ಮೇಲೆ ಬೆರಳಿಟ್ಟು ತೆರೆಯುವ ಪುಟ ಈಗ ಇಲ್ಲ.