ಜೊಂಡು: ಕೆರೆಯ ಕಾವಲೂ ಹೌದು, ಒತ್ತುವರಿಯೂ ಹೌದು

ಕೆರೆಯಂಚಿನ ಕೆಸರಿನಲ್ಲಿ ಆಳೆತ್ತರಕ್ಕೂ ಮೀರಿ ಬೆಳೆದು, ತುದಿಯಲ್ಲಿ ಸಜ್ಜೆಯ ತೆನೆಯನ್ನು ಹೋಲುವ ಕಂದು ಕದಿರನ್ನು ಹೊತ್ತು ನಿಲ್ಲುವ ಸಸ್ಯವೇ ಜೊಂಡು. ಆಪು, ಜಂಬುಹುಲ್ಲು ಎಂಬ ಹೆಸರುಗಳೂ ಇದಕ್ಕುಂಟು. ಬ್ರಿಟನ್ನಿನಲ್ಲಿ ಬುಲ್‌ರಷ್ ಎಂದೂ ಅಮೆರಿಕದಲ್ಲಿ ಕ್ಯಾಟ್‌ಟೇಲ್ ಎಂದೂ ಕರೆಯುತ್ತಾರೆ. ಕೆರೆ ಅಭಿವೃದ್ಧಿಯ ಕಾಮಗಾರಿ ಆರಂಭವಾದೊಡನೆ ಬಹುತೇಕ ಕಡೆ ಮೊದಲು ಕಿತ್ತೊಗೆಯುವುದು ಇದನ್ನೇ. ಆದರೆ ಜೊಂಡನ್ನು ಬೇರುಸಹಿತ ಇಲ್ಲವಾಗಿಸುವುದೂ, ಬೇಕಾಬಿಟ್ಟಿಯಾಗಿ ಬೆಳೆಯಲು ಬಿಡುವುದೂ ಕೆರೆಗೆ ಸಮಾನವಾಗಿ ಹಾನಿಕರ.

ಸಸ್ಯದ ಪರಿಚಯ

ಸಸ್ಯಶಾಸ್ತ್ರದಲ್ಲಿ ಇದರ ಕುಲನಾಮ ಟೈಫಾ. ನೋಟಕ್ಕೆ ಹುಲ್ಲಿನಂತಿದ್ದರೂ ಇದು ಹುಲ್ಲಿನ ಕುಟುಂಬಕ್ಕೆ ಸೇರಿದ್ದಲ್ಲ. ಟೈಫೇಸಿ ಎಂಬ ಪ್ರತ್ಯೇಕ ಕುಟುಂಬದ್ದು. ದಕ್ಷಿಣ ಭಾರತದ ಕೆರೆ, ಕಾಲುವೆಗಳಲ್ಲಿ ಹೆಚ್ಚಾಗಿ ಕಾಣುವುದು ಟೈಫಾ ಡೊಮಿಂಜೆನ್ಸಿಸ್. ಇದರ ದಂಟಿನಲ್ಲಿ ಗಂಡು ಹೂಗಳ ಕದಿರು ಮೇಲೆ, ಹೆಣ್ಣು ಹೂಗಳದು ಕೆಳಗೆ ಇದ್ದು, ನಡುವೆ ಬರಿದಂಟಿನ ಅಂತರವಿರುತ್ತದೆ. ಮಾಗಿದ ಕದಿರು ಒಡೆದಾಗ ಹತ್ತಿಯಂಥ ನವಿರು ಹೊತ್ತ ಸಾವಿರಾರು ಬೀಜಗಳು ಗಾಳಿಯಲ್ಲಿ ತೇಲಿಹೋಗುತ್ತವೆ. ನೆಲದಡಿಯ ಗಡ್ಡೆಬೇರುಗಳು ಅಡ್ಡಡ್ಡ ಹರಿದು ಹೊಸ ಚಿಗುರುಗಳನ್ನು ಹೊಮ್ಮಿಸುತ್ತವೆ.

ಕೊಳಚೆಗೆ ಜರಡಿ

ಆಮ್ಲಜನಕವಿಲ್ಲದ ಕೆಸರಿನಲ್ಲಿ ಜೊಂಡು ಬದುಕುವ ಬಗೆ ಕುತೂಹಲಕರವಾದುದು. ಇದರ ಎಲೆಗಳೊಳಗೆ ಗಾಳಿಯ ನಾಳಗಳಿವೆ. ಎಳೆಯ ಎಲೆಗಳಲ್ಲಿ ಒತ್ತಡವೇರಿದ ಗಾಳಿ ಗಡ್ಡೆಗೆ ಇಳಿದು, ಹಳೆಯ ಎಲೆಗಳ ಮೂಲಕ ಹೊರಬರುತ್ತದೆ. ಈ ಹಾದಿಯಲ್ಲಿ ಬೇರುಗಳಿಂದ ಅಷ್ಟಿಷ್ಟು ಆಮ್ಲಜನಕ ಸುತ್ತಲಿನ ಕೆಸರಿಗೂ ಸೋರುತ್ತದೆ. ಅದರ ನೆರವಿನಿಂದ ಸೂಕ್ಷ್ಮಜೀವಿಗಳು ಕೊಳಚೆಯ ಅಮೋನಿಯಾವನ್ನು ನೈಟ್ರೇಟ್ ಆಗಿ ಮಾರ್ಪಡಿಸುತ್ತವೆ. ಆಮ್ಲಜನಕವಿಲ್ಲದ ಪಕ್ಕದ ಪದರದಲ್ಲಿ ಬೇರೆ ಸೂಕ್ಷ್ಮಜೀವಿಗಳು ಆ ನೈಟ್ರೇಟನ್ನು ಸಾರಜನಕ ಅನಿಲವಾಗಿಸಿ ಗಾಳಿಗೆ ಬಿಡುತ್ತವೆ. ದಟ್ಟವಾದ ದಂಟುಗಳು ನೀರಿನ ವೇಗವನ್ನು ತಗ್ಗಿಸುವುದರಿಂದ ಹೂಳು ತಳಕ್ಕಿಳಿಯುತ್ತದೆ.

ಜರ್ಮನಿಯ ವಿಜ್ಞಾನಿ ಕೇಟೆ ಸೈಡೆಲ್ 1950ರ ದಶಕದಲ್ಲಿ ಜೌಗು ಸಸ್ಯಗಳಿಂದ ಕೊಳಚೆ ನೀರನ್ನು ಶುದ್ಧೀಕರಿಸುವ ಪ್ರಯೋಗಗಳನ್ನು ಕೈಗೊಂಡರು. ಅವರು ಮುಖ್ಯವಾಗಿ ಬಳಸಿದ್ದು ಬುಲ್‌ರಷ್ ಎಂಬ ಹೆಸರನ್ನೇ ಹಂಚಿಕೊಂಡಿರುವ, ಜೇಕಿನ ಕುಟುಂಬದ ಮತ್ತೊಂದು ಸಸ್ಯವನ್ನು. ಈ ಮಾದರಿಯ ಕೃತಕ ಜೌಗು ಇಂದು ಅನೇಕ ದೇಶಗಳಲ್ಲಿದೆ. ಬೆಂಗಳೂರಿನ ಜಕ್ಕೂರು ಕೆರೆಯಲ್ಲಿ ಸಂಸ್ಕರಣಾ ಘಟಕದಿಂದ ಹೊರಬಂದ ನೀರು ಜೊಂಡು ಬೆಳೆದ ಜೌಗನ್ನು ಹಾದು ಕೆರೆಯ ಒಡಲು ಸೇರುತ್ತದೆ.

ಹಕ್ಕಿಗಳ ಆಸರೆ

ನೇರಳೆ ಜಂಬುಕೋಳಿಯ ಹೆಸರಿನಲ್ಲೇ ಜಂಬು ಇದೆ. ಜೊಂಡಿನ ಎಳೆ ದಂಟು ಅದಕ್ಕೆ ಆಹಾರ, ಪೊದೆಯೇ ಗೂಡಿನ ತಾಣ. ಎದೆಯ ಮೇಲೆ ಗೆರೆಗಳಿರುವ ಒಂದು ಬಗೆಯ ಗೀಜಗ ನೀರಿನಲ್ಲಿ ನಿಂತ ಜೊಂಡಿನ ಎಲೆಗಳಿಗೇ ಗೂಡು ನೇಯುತ್ತದೆ. ಮೀನುಮರಿ, ಕಪ್ಪೆ, ಏರೋಪ್ಲೇನ್ ಚಿಟ್ಟೆಯ ಮರಿಹುಳುಗಳಿಗೂ ಇದರ ಬುಡವೇ ಆಶ್ರಯ.

ಮಿತಿ ಮೀರಿದಾಗ

ಜೊಂಡಿನ ವಿಪರೀತ ಬೆಳವಣಿಗೆಗೆ ನೀರಿನ ಸ್ಥಿತಿಯೇ ಕಾರಣ ಎಂಬುದಕ್ಕೆ ಪಶ್ಚಿಮ ಆಫ್ರಿಕಾದ ಸೆನೆಗಲ್ ನದಿಯ ಮುಖಜಭೂಮಿ ಸ್ಪಷ್ಟ ನಿದರ್ಶನ. ಅಲ್ಲಿ ಬೇಸಿಗೆಯಲ್ಲಿ ಸಮುದ್ರದ ಉಪ್ಪುನೀರು ನದಿಯೊಳಕ್ಕೆ ನುಗ್ಗುತ್ತಿತ್ತು. 1986ರಲ್ಲಿ ಡಿಯಾಮಾ ಅಣೆಕಟ್ಟು ಪೂರ್ಣಗೊಂಡ ಮೇಲೆ ಉಪ್ಪುನೀರು ನಿಂತು, ವರ್ಷವಿಡೀ ಒಂದೇ ಮಟ್ಟದ ಸಿಹಿನೀರು ನೆಲೆಸಿತು. ಜೊಂಡು ಸಾವಿರಾರು ಹೆಕ್ಟೇರುಗಳಿಗೆ ಹಬ್ಬಿ ಮೀನುಗಾರರ ದಾರಿ ಕಟ್ಟಿತು, ಕಾಲುವೆಗಳನ್ನು ಮುಚ್ಚಿತು.

ನಮ್ಮ ನಗರಗಳ ಕೆರೆಗಳಲ್ಲಿ ಆಗಿರುವುದೂ ಇದಕ್ಕೆ ಹತ್ತಿರದ್ದೇ. ಮಳೆನೀರನ್ನು ನಂಬಿದ್ದ ಕೆರೆ ಬೇಸಿಗೆಯಲ್ಲಿ ತಗ್ಗುತ್ತಿತ್ತು, ಕೆಲವೊಮ್ಮೆ ಬತ್ತುತ್ತಲೂ ಇತ್ತು. ಈಗ ಕೊಳಚೆ ನೀರು ವರ್ಷವಿಡೀ ಹರಿದು ಬಂದು ಸಾರಜನಕ, ರಂಜಕಗಳನ್ನು ಯಥೇಚ್ಛ ಉಣಿಸುತ್ತಿದೆ. ಹೂಳು ತುಂಬಿ ಆಳ ತಗ್ಗಿದಷ್ಟೂ ಜೊಂಡು ಕೆರೆಯ ನಡುವಿಗೆ ಕಾಲಿಡುತ್ತದೆ. ಆಗ ತೆರೆದ ನೀರನ್ನು ನೆಚ್ಚಿದ ಬಾತುಗಳು ಬೇರೆಡೆಗೆ ತೆರಳುತ್ತವೆ.

ನಿರ್ವಹಣೆ ಹೇಗೆ?

ಜೊಂಡು ಹೀರಿದ ಪೋಷಕಾಂಶ ಕೆರೆಯಿಂದ ಹೊರಹೋಗಬೇಕಾದರೆ ಗಿಡವನ್ನು ಕಟಾವು ಮಾಡಿ ಸಾಗಿಸಬೇಕು. ಕೊಯ್ದು ದಡದಲ್ಲೇ ರಾಶಿ ಹಾಕಿದರೆ ಅದು ಕೊಳೆತು ಮರಳಿ ನೀರಿಗೇ ಸೇರುತ್ತದೆ. ಹರಡುವಿಕೆಯನ್ನು ತಡೆಯಬೇಕಾದಲ್ಲಿ ನೀರಿನ ಮಟ್ಟಕ್ಕಿಂತ ಕೆಳಗೆ ಕೊಯ್ಯುವುದು ಪರಿಣಾಮಕಾರಿ. ಗಾಳಿಯ ನಾಳ ಮುಳುಗಿ ಗಡ್ಡೆಗೆ ಉಸಿರು ಕಟ್ಟುತ್ತದೆ. ನೀರಿನಿಂದ ಮೇಲೆ ಕೊಯ್ದರೆ ಉಳಿದ ಮೋಟೇ ಕೊಳವೆಯಾಗಿ ಗಿಡವನ್ನು ಬದುಕಿಸುತ್ತದೆ. ಈ ಕೆಲಸ ಕದಿರು ಒಡೆಯುವ ಮುನ್ನ, ಹಕ್ಕಿಗಳು ಗೂಡು ಕಟ್ಟುವ ಅವಧಿಯನ್ನು ಬಿಟ್ಟು, ತುಂಡು ತುಂಡಾಗಿ ನಡೆಯಬೇಕು. ಕೊಯ್ದ ಜೊಂಡು ಚಾಪೆ, ತಟ್ಟಿ, ಗೊಬ್ಬರಕ್ಕೆ ಒದಗುತ್ತದೆ. ಆದರೆ ಕೈಗಾರಿಕೆಗಳ ತ್ಯಾಜ್ಯ ಸೇರುವ ಕೆರೆಯ ಜೊಂಡಿನಲ್ಲಿ ಭಾರಲೋಹಗಳಿರಬಹುದಾದ್ದರಿಂದ ಅದನ್ನು ದನಗಳಿಗೆ ಮೇವಾಗಿಯಾಗಲಿ, ಹೊಲಕ್ಕೆ ಗೊಬ್ಬರವಾಗಿಯಾಗಲಿ ಬಳಸುವುದು ಕ್ಷೇಮವಲ್ಲ.

ನೀರು ಕೆರೆಗೆ ಬಂದು ಸೇರುವ ಕಡೆ ಜೊಂಡಿನ ಪಟ್ಟಿ, ಒಡಲಲ್ಲಿ ತೆರೆದ ನೀರು: ಆರೋಗ್ಯವಂತ ಕೆರೆಗೆ ಇವೆರಡೂ ಬೇಕು. ಒಳಹರಿವಿನ ಕೊಳಚೆಯನ್ನು ತಡೆಯದೆ ಜೊಂಡನ್ನಷ್ಟೇ ಕಿತ್ತರೆ ಅದು ಮತ್ತೆ ಚಿಗುರುತ್ತದೆ. ಇಲ್ಲವೇ ಆ ಜಾಗವನ್ನು ಅಂತರಗಂಗೆ ಆಕ್ರಮಿಸುತ್ತದೆ.